ಅಮೀರ್‌ಬಾಯಿ ಕರ್ನಾಟಕಿ: ನಟಿಯ ವೃತ್ತಿಜೀವನ ಮತ್ತು ಚಲನಚಿತ್ರ ಚರಿತ್ರೆಯ ಮಿತಿ

ಕನ್ನಡ ಚಲನಚಿತ್ರದ ಚರಿತ್ರೆಯನ್ನು ಸಾಮಾನ್ಯವಾಗಿ ಚಿತ್ರದ ಭಾಷೆಯನ್ನೇ ಆಧಾರವಾಗಿಟ್ಟುಕೊಂಡು ರಚಿಸಲಾಗಿದೆ. ಈ ಕ್ರಮದಲ್ಲಿ ಕನ್ನಡ ನೆಲದಲ್ಲಿ ಹುಟ್ಟಿ ಅನ್ಯಭಾಷೆಯ ಚಿತ್ರಗಳಲ್ಲಿ ದುಡಿದ ಕಲಾವಿದರು ಅಂಚಿಗೆ ಸರಿಯುತ್ತಾರೆ. ಈ ಮಿತಿಯನ್ನು ಅಮೀರ್‌ಬಾಯಿ ಕರ್ನಾಟಕಿಯವರ ವೃತ್ತಿಜೀವನದ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಅಮೀರ್‌ಬಾಯಿಯವರು ಅಂದಿನ ಬಿಜಾಪುರ ಜಿಲ್ಲೆಯ ಬೀಳಗಿಯವರು. 1997ರಲ್ಲಿ ಜಿಲ್ಲೆ ವಿಭಜನೆಗೊಂಡ ಮೇಲೆ ಬೀಳಗಿ ಬಾಗಲಕೋಟೆ ಜಿಲ್ಲೆಗೆ ಸೇರಿತು. ಆ ಕಾಲಕ್ಕೆ ಈ ಭಾಗ ಮುಂಬಯಿ ಪ್ರಾಂತಕ್ಕೆ ಒಳಪಟ್ಟಿತ್ತು. ಹೀಗಾಗಿ ಇಲ್ಲಿನ ಕಲಾವಿದರಿಗೆ ಬೆಂಗಳೂರಿಗಿಂತ ಮುಂಬಯಿಯೇ ಸಹಜವಾದ ನೆಲೆಯಾಗಿತ್ತು. ಸಹೋದರಿ ಗೋಹರ್‌ಬಾಯಿ ಮರಾಠಿ ರಂಗಭೂಮಿಯಲ್ಲಿ ಬಾಲಗಂಧರ್ವರ ಜೊತೆಗೂಡಿದರು. ಅಮೀರ್‌ಬಾಯಿ ಚಿತ್ರರಂಗವನ್ನು ಆರಿಸಿಕೊಂಡರು. ಅವರ ಮೊದಲ ಚಿತ್ರ 'ವಿಷ್ಣುಭಕ್ತಿ' ತೆರೆಕಂಡದ್ದು 1934ರಲ್ಲಿ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' ಬಿಡುಗಡೆಯಾದದ್ದೂ ಅದೇ ವರ್ಷ. ಅದರ ಚಿತ್ರೀಕರಣ ನಡೆದದ್ದು ಕೊಲ್ಹಾಪುರದಲ್ಲಿ ಎಂಬುದು ಗಮನಾರ್ಹ.

ಆರಂಭದ ವಾಕ್ಚಿತ್ರಗಳಲ್ಲಿ ನಟಿಯೇ ಗಾಯಕಿಯಾಗಿರಬೇಕಿತ್ತು. 'ನರಸೀ ಭಗತ್' (1940) ಚಿತ್ರದಲ್ಲಿ ಅಮೀರ್‌ಬಾಯಿ ಅಭಿನಯಿಸಿ ಹಾಡಿದರು. ಹಿನ್ನೆಲೆ ಗಾಯನ ನೆಲೆಗೊಂಡಂತೆ ಮುಖವೂ ಕಂಠವೂ ಬೇರ್ಪಟ್ಟವು. ಬಾಂಬೆ ಟಾಕೀಸ್‌ನ 'ಕಿಸ್ಮತ್' (1943) ಇದಕ್ಕೆ ಸ್ಪಷ್ಟ ನಿದರ್ಶನ. ಅನಿಲ್ ಬಿಸ್ವಾಸ್ ಸಂಗೀತದ ಈ ಚಿತ್ರದಲ್ಲಿ ತೆರೆಯ ಮೇಲೆ ಕಾಣುವವರು ಮುಮ್ತಾಜ್ ಶಾಂತಿ, ಕೇಳಿಸುವ ಕಂಠ ಅಮೀರ್‌ಬಾಯಿಯವರದು. ಕಲಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಮೂರು ವರ್ಷಗಳಿಗೂ ಹೆಚ್ಚು ಕಾಲ ನಡೆದ ಈ ಚಿತ್ರ ಅವರ ದನಿಯನ್ನು ದೇಶದಾದ್ಯಂತ ಪಸರಿಸಿತು. ಮರುವರ್ಷ ನೌಷಾದರ ಸಂಗೀತದ 'ರತನ್' ಅದನ್ನು ಇನ್ನಷ್ಟು ಬಲಪಡಿಸಿತು. 'ಶಹನಾಜ್' (1948) ಚಿತ್ರಕ್ಕೆ ಅವರೇ ಸಂಗೀತ ಸಂಯೋಜಿಸಿದರು. ನಟಿ, ಗಾಯಕಿ, ಸಂಯೋಜಕಿ ಎಂಬ ಮೂರು ನೆಲೆಗಳಲ್ಲಿ ಮಹಿಳೆಯೊಬ್ಬಳು ದುಡಿದದ್ದು ಆ ಕಾಲದಲ್ಲಿ ವಿರಳ.

ಕಂಠವನ್ನು ಮುಖದಿಂದ ಬೇರ್ಪಡಿಸಿದ ತಂತ್ರವೇ ಮುಂದೆ ಅವರ ಸ್ಥಾನವನ್ನೂ ಅಲುಗಿಸಿತು. ಲತಾ ಮಂಗೇಶ್ಕರ್ ಅವರ ಉದಯದೊಂದಿಗೆ ತೆಳುವಾದ, ಎತ್ತರದ ಸ್ಥಾಯಿಯ ದನಿಗೆ ಮನ್ನಣೆ ದೊರೆಯಿತು. ತುಂಬುಕಂಠದ ಬೈಠಕ್ ಶೈಲಿ ಹಿಂದೆ ಸರಿಯಿತು. ಅಮೀರ್‌ಬಾಯಿ ಮತ್ತೆ ಅಭಿನಯಕ್ಕೆ ಮರಳಿ ಪೋಷಕ ಪಾತ್ರಗಳನ್ನು ನಿರ್ವಹಿಸಿದರು. 1965ರಲ್ಲಿ ನಿಧನರಾದರು. ವಿಜಯಪುರ ನಗರದ ಅಮೀರ್ ಟಾಕೀಸ್ ಅವರ ಹೆಸರನ್ನು ಹೊತ್ತ ಚಿತ್ರಮಂದಿರ.

ರಹಮತ್ ತರೀಕೆರೆಯವರು ರಚಿಸಿದ ಜೀವನಚರಿತ್ರೆ ಕನ್ನಡದಲ್ಲಿ ಈ ಕಲಾವಿದೆಯ ಅಧ್ಯಯನಕ್ಕೆ ದಾರಿ ತೆರೆದಿದೆ. ಆದರೂ ಅವರನ್ನು ಗಾಯಕಿಯೆಂದಷ್ಟೇ ಗುರುತಿಸುವ ರೂಢಿಯಿಂದ ನಟಿಯ ಬದುಕು ಮರೆಯಾಗುತ್ತದೆ. ತಮ್ಮ ಹೆಸರಿನಲ್ಲಿಯೇ 'ಕರ್ನಾಟಕಿ' ಎಂಬ ನೆಲದ ಗುರುತನ್ನು ಉಳಿಸಿಕೊಂಡವರಿಗೆ ಆ ನೆಲದ ಚಿತ್ರಚರಿತ್ರೆಯಲ್ಲಿ ಅಧ್ಯಾಯವಿಲ್ಲದಿರುವುದು ನಮ್ಮ ವಿಧಾನದ ಕೊರತೆ. ಚಿತ್ರದ ಭಾಷೆಯೊಂದಿಗೆ ಕಲಾವಿದರ ಪ್ರದೇಶ ಹಾಗೂ ವಲಸೆಯನ್ನೂ ಮಾನದಂಡವಾಗಿ ಸ್ವೀಕರಿಸಬೇಕು. ವಿಜಯಪುರ, ತಿಕೋಟಾ, ಬಬಲೇಶ್ವರ ಪರಿಸರದ ಹಿರಿಯರಲ್ಲಿ ಉಳಿದಿರಬಹುದಾದ ಕಂಪನಿ ನಾಟಕ ಹಾಗೂ ಟಾಕೀಸಿನ ನೆನಪುಗಳನ್ನು ಕ್ಷೇತ್ರಕಾರ್ಯದ ಮೂಲಕ ಈಗಲೇ ದಾಖಲಿಸಿದಲ್ಲಿ ಆ ಅಧ್ಯಾಯಕ್ಕೆ ಆಕರ ದೊರೆತೀತು.