ಮಾರ್ದನಿಗೊಬ್ಬ ಶಾನುಭೋಗ

ಗೋಡೆಗೂ ಕಿವಿ ಇದೆ ಅನ್ನುತ್ತೇವೆ. ಆ ಕಿವಿಗೆ ಬಿದ್ದದ್ದೆಲ್ಲ ಅಲ್ಲೇ ಉಳಿದಿದ್ದರೆ, ಬಿಡಿಸಿ ಬರೆದುಕೊಳ್ಳಲು ಒಬ್ಬ ಶಾನುಭೋಗ ಬೇಕಾಗುತ್ತಿದ್ದ. ಕಥೆಗಾರರು ಈ ಹುದ್ದೆಯನ್ನು ಎಂದೋ ಮಂಜೂರು ಮಾಡಿಬಿಟ್ಟಿದ್ದಾರೆ.

ಇಂಗ್ಲಿಷ್ ಲೇಖಕ ಜೆ.ಜಿ. ಬಲ್ಲಾರ್ಡ್ 1960ರಲ್ಲಿ ಬರೆದ ‘ದಿ ಸೌಂಡ್ ಸ್ವೀಪ್’ ಕಥೆಯ ಮ್ಯಾಂಗನ್‌ಗೆ ಮಾತು ಬರುವುದಿಲ್ಲ, ಕಿವಿ ಮಾತ್ರ ವಿಪರೀತ ಚುರುಕು. ಅವನ ಲೋಕದಲ್ಲಿ ಆಡಿದ ಮಾತು, ಹಾಡಿದ ಹಾಡು ಎಲ್ಲವೂ ಗೋಡೆಗಳಿಗೆ ಅಂಟಿಕೊಂಡು ಉಳಿಯುತ್ತವೆ. ಯಂತ್ರ ಹಿಡಿದು ಅವನ್ನು ಹೀರಿ ತೆಗೆಯುವುದು ಅವನ ಹೊಟ್ಟೆಪಾಡು. ಹೀರಿದ ಸದ್ದನ್ನೆಲ್ಲ ಊರಾಚೆ ಒಯ್ದು ಸುರಿಯುತ್ತಾನೆ. ಅಂದರೆ ಅವನು ಬರೆದಿಡುವವನಲ್ಲ, ಗುಡಿಸುವವನು.

ನನಗೆ ಇದಕ್ಕಿಂತ ಹೆಚ್ಚು ಇಷ್ಟವಾಗುವುದು ಫ್ರಾನ್ಸಿನ ರಾಬ್ಲೇ 1552ರಲ್ಲಿ ಹೇಳಿದ ತಮಾಷೆ. ಪಂಟಾಗ್ರುಯೆಲ್ ಎಂಬ ದೈತ್ಯನ ಹಡಗು ಹೆಪ್ಪುಗಟ್ಟಿದ ಕಡಲಿನ ಅಂಚಿಗೆ ಬಂದಾಗ ಗಾಳಿಯಲ್ಲಿ ಕೂಗಾಟ ಕೇಳುತ್ತದೆ, ಸುತ್ತ ನೋಡಿದರೆ ನರಪಿಳ್ಳೆಯಿಲ್ಲ. ಹಿಂದಿನ ಚಳಿಗಾಲದಲ್ಲಿ ಅಲ್ಲಿ ಯುದ್ಧ ನಡೆದಿತ್ತು, ಆಗಿನ ಆರ್ಭಟವೆಲ್ಲ ಹಿಮಗಟ್ಟಿ ನಿಂತು ಈಗ ಕರಗುತ್ತಿದೆ ಎಂದು ಕಪ್ತಾನ ವಿವರಿಸುತ್ತಾನೆ. ದೈತ್ಯ ಹಿಡಿ ಹಿಡಿಯಾಗಿ ಬಣ್ಣದ ಮಿಠಾಯಿಯಂಥ ಮಾತುಗಳನ್ನು ಹಡಗಿನ ಅಟ್ಟದ ಮೇಲೆ ಚೆಲ್ಲುತ್ತಾನೆ. ಕೈಯ ಬಿಸಿಗೆ ಅವು ಕರಗಿ ಸದ್ದು ಮಾಡುತ್ತವೆ. ಕಥೆ ಹೇಳುವವನಿಗೆ ಕೆಲವನ್ನು ಎಣ್ಣೆಯಲ್ಲಿ ಹಾಕಿಡುವ ಆಸೆ. ಎಂದೂ ಕೊರತೆಯಾಗದ ಸರಕನ್ನು ಕೂಡಿಡುವುದು ಮೂರ್ಖತನವೆಂದು ದೈತ್ಯ ಅದಕ್ಕೆ ಒಪ್ಪುವುದಿಲ್ಲ.

ನಕ್ಕು ಬಿಡಬಹುದಾದ ಈ ಕಲ್ಪನೆಯನ್ನು ಗಂಭೀರವಾಗಿ ತೆಗೆದುಕೊಂಡವನೂ ಒಬ್ಬನಿದ್ದ, ಗಣಕಯಂತ್ರದ ಮೂಲಪುರುಷ ಚಾರ್ಲ್ಸ್ ಬ್ಯಾಬೇಜ್. ಆಡಿದ ಪ್ರತಿ ಮಾತಿನ ಅಲುಗಾಟವೂ ಗಾಳಿಯಲ್ಲಿ ಶಾಶ್ವತವಾಗಿ ಉಳಿಯುತ್ತದೆ, ಲೆಕ್ಕ ಬಲ್ಲವನಿಗೆ ಅದನ್ನು ಹಿಂದಕ್ಕೆ ಓದಲು ಸಾಧ್ಯ ಎಂದು ಅವನು 1837ರಲ್ಲಿ ವಾದಿಸಿದ. ಭೌತಶಾಸ್ತ್ರ ಇಷ್ಟು ಉದಾರಿಯಲ್ಲ. ದನಿ ಗೋಡೆಗೆ ಬಡಿದಾಗಲೆಲ್ಲ ಒಂದಿಷ್ಟು ಶಕ್ತಿ ಕಳೆದುಕೊಂಡು, ಕೆಲವೇ ಕ್ಷಣಗಳಲ್ಲಿ ಬರೀ ಶಾಖವಾಗಿ ಚದುರಿಹೋಗುತ್ತದೆ. ಅಕ್ಬರನ ಮುಂದೆ ತಾನಸೇನ ಹಾಡಿದ್ದು ಯಾವ ಗೋಡೆಯಲ್ಲೂ ಇಲ್ಲ.

ಆದರೆ ಗೋಡೆ ಉತ್ತರ ಕೊಡುವ ರೀತಿ ಉಳಿದಿರುತ್ತದೆ. ಅದೇ ಚಪ್ಪಾಳೆ ಅಡುಗೆಮನೆಯಲ್ಲಿ ಒಂದು ಥರ, ಬಾವಿಯ ಬಾಯಲ್ಲಿ ಇನ್ನೊಂದು ಥರ, ದೇವಸ್ಥಾನದ ನವರಂಗದಲ್ಲಿ ಮತ್ತೊಂದೇ ಥರ. ಈ ಉತ್ತರವನ್ನು ದಾಖಲಿಸುವವರು ನಿಜಕ್ಕೂ ಇದ್ದಾರೆ. ಸಾಮಾನು ಹೆಚ್ಚೇನಿಲ್ಲ: ಮೈಕು, ರೆಕಾರ್ಡರು, ಒಂದು ಬಲೂನು. ಬಲೂನು ಒಡೆದಾಗಿನ ‘ಠಪ್’ ಕ್ಷಣಮಾತ್ರದ್ದಾದರೂ ಅದರಲ್ಲಿ ತಗ್ಗಿನ ಸ್ವರದಿಂದ ಮೇಲಿನ ಸ್ವರದವರೆಗೆ ಎಲ್ಲವೂ ಬೆರೆತಿರುತ್ತವೆ. ಅದರ ಬೆನ್ನಿಗೆ ಕಟ್ಟಡ ಹಿಂತಿರುಗಿಸುವ ಸದ್ದಿನ ಬಾಲವನ್ನು, ಅಂದರೆ ಅನುರಣನವನ್ನು, ಪೂರ್ತಿ ಹಿಡಿದುಕೊಂಡರೆ ಆ ಜಾಗದ ಜಾತಕವೇ ಕೈಗೆ ಸಿಕ್ಕಂತೆ. ಆಮೇಲೆ ಸ್ಟುಡಿಯೊದಲ್ಲಿ ಯಾರು ಹಾಡಿದರೂ ಕಂಪ್ಯೂಟರು ಆ ದನಿಯನ್ನು ಆ ಕಟ್ಟಡದೊಳಗೆ ಹಾಡಿದಂತೆಯೇ ಕೇಳಿಸುತ್ತದೆ.

ವೆನಿಸ್ಸಿನ ಲಾ ಫೆನಿಚೆ ಸಂಗೀತ ನಾಟಕಶಾಲೆಗೆ 1996ರ ಜನವರಿ 29ರಂದು ಬೆಂಕಿ ಬಿತ್ತು. ಕೆಲಸ ತಡವಾಗಿ ದಂಡ ತೆರಬೇಕಾಗಿದ್ದ ಇಬ್ಬರು ಎಲೆಕ್ಟ್ರಿಷಿಯನ್ನರು ಹಚ್ಚಿದ ಬೆಂಕಿ ಅದು. ಅದಕ್ಕೆ ಕೆಲವೇ ಕಾಲ ಮುಂಚೆ ಲಂಬರ್ಟೊ ಟ್ರೊಂಕಿನ್ ಮತ್ತು ಆಂಜೆಲೊ ಫರೀನಾ ಎಂಬಿಬ್ಬರು ಧ್ವನಿವಿಜ್ಞಾನಿಗಳು ಒಳಗಿನ ಅನುರಣನವನ್ನು ಅಳೆದು ಇಟ್ಟುಕೊಂಡಿದ್ದರು. ಮರದ ಬಾಲ್ಕನಿಗಳು ಬೂದಿಯಾದವು, ಅವು ದನಿಗೆ ಕೊಡುತ್ತಿದ್ದ ಉತ್ತರ ಮಾತ್ರ ಉಳಿಯಿತು.

ಪ್ಯಾರಿಸ್ಸಿನ ನೋತ್ರ್ ದಾಮ್ ಚರ್ಚಿನಲ್ಲೂ ಹೀಗೇ ಆಯಿತು. 2019ರ ಏಪ್ರಿಲ್ 15ರ ಬೆಂಕಿಗೆ ಮುಂಚಿನ ಅಳತೆಗಳು ಧ್ವನಿವಿಜ್ಞಾನಿ ಬ್ರಯನ್ ಕಾಟ್ಸ್ ಮತ್ತು ಸಂಗಡಿಗರ ಬಳಿ ಇದ್ದವು. 2020ರಲ್ಲಿ ಮತ್ತೆ ಒಳಹೊಕ್ಕು ಅಳೆದಾಗ ಅನುರಣನದ ಅವಧಿ ಸುಮಾರು ಶೇಕಡಾ 20ರಷ್ಟು ಇಳಿದಿತ್ತು. ಕುಸಿದ ಕಮಾನುಗಳ ರಂಧ್ರಗಳಿಂದ ಸದ್ದು ಆಕಾಶಕ್ಕೆ ಹೊರಟುಹೋಗುತ್ತಿತ್ತಲ್ಲ! ಕಟ್ಟಡವನ್ನು ಮತ್ತೆ ಎಬ್ಬಿಸಿ ನಿಲ್ಲಿಸುವ ವಿಜ್ಞಾನಿಗಳ ತಂಡಗಳಲ್ಲಿ ದನಿಗಾಗಿಯೇ ಒಂದು ಗುಂಪಿತ್ತು. ಕಲ್ಲು, ಮರ, ಗಾಜಿನಷ್ಟೇ ಮರ್ಯಾದೆ ಸದ್ದಿಗೂ ಸಿಕ್ಕಿತೆಂಬುದು ನನಗೆ ದೊಡ್ಡ ಸುದ್ದಿ.

ಇಸ್ತಾಂಬುಲ್‌ನ ಹಾಗಿಯಾ ಸೋಫಿಯಾದ ಕಥೆಯಲ್ಲಿ ಬೆಂಕಿಯಿಲ್ಲ, ರತ್ನಗಂಬಳಿ ಇದೆ. 537ರಲ್ಲಿ ಮುಗಿದ ಈ ಕಟ್ಟಡ ಮ್ಯೂಸಿಯಂ ಆಗಿದ್ದಾಗ ಒಳಗೆ ಹಾಡಲು ಬಿಡುತ್ತಿರಲಿಲ್ಲ. ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಕಲಾ ಇತಿಹಾಸಕಾರ್ತಿ ಬಿಸ್ಸೆರಾ ಪೆಂಚೆವಾ 2010ರಲ್ಲಿ ಅಲ್ಲಿ ಬಲೂನು ಒಡೆಸಿ ದಾಖಲಿಸಿಕೊಂಡರು. ಅಮೃತಶಿಲೆಯ ಆ ಅಗಲದಲ್ಲಿ ಒಂದು ‘ಠಪ್’ ಸಾಯಲು ಹತ್ತು ಸೆಕೆಂಡಿಗೂ ಹೆಚ್ಚು ಬೇಕು. ಅದೇ ವಿಶ್ವವಿದ್ಯಾಲಯದ ಜೊನಾಥನ್ ಏಬಲ್ ಆ ಸದ್ದನ್ನು ಗಣಿತಕ್ಕೆ ಇಳಿಸಿದರು. ಕಪೆಲ್ಲಾ ರೊಮಾನಾ ಎಂಬ ಗಾಯಕವೃಂದ ಕ್ಯಾಲಿಫೋರ್ನಿಯಾದ ಸಭಾಂಗಣದಲ್ಲಿ ನಿಂತು ಬೈಜಾಂಟಿಯಂ ಕಾಲದ ಪ್ರಾರ್ಥನೆಗಳನ್ನು ಆ ಅನುರಣನದೊಳಗೆ ಹಾಡಿತು. 2019ರಲ್ಲಿ ಆಲ್ಬಮ್ಮೂ ಬಂತು. ಗಾಯಕರು ಉಸಿರು ಎಳೆಯುವಾಗಲೂ ಹಿಂದಿನ ಸ್ವರ ಇನ್ನೂ ಮೇಲೆ ತೇಲುತ್ತಿರುತ್ತದೆ, ತಂಬೂರಿ ಬೇರೆ ಬೇಡವೇ ಬೇಡ! ಮರುವರ್ಷ ಹಾಗಿಯಾ ಸೋಫಿಯಾ ಮತ್ತೆ ಮಸೀದಿಯಾಯಿತು, ನೆಲಕ್ಕೆ ಗಂಬಳಿ ಬಿತ್ತು. ಗಂಬಳಿ ಸದ್ದನ್ನು ನುಂಗುತ್ತದೆ. ಬರಿ ನೆಲದ ಅಮೃತಶಿಲೆ ಕೊಟ್ಟಿದ್ದ ಆ ಉತ್ತರ ಈಗ ದಾಖಲೆಯಲ್ಲಷ್ಟೇ ಇದೆ.

ನಮ್ಮ ವಿಜಯಪುರದ ಗೋಳಗುಮ್ಮಟ ಈ ಕಸುಬಿನವರಿಗೆ ಕಾಶಿ ಇದ್ದಂತೆ. ಪಿಸುಮಾತು ಗೋಡೆಯ ಬಾಗಿಗೇ ಒತ್ತಿಕೊಂಡು ಸುತ್ತುವ ಬಗೆಯನ್ನು ಲಂಡನ್ನಿನ ಸೇಂಟ್ ಪಾಲ್ಸ್‌ನಲ್ಲಿ ಪರೀಕ್ಷಿಸಿದ್ದ ಸಿ.ವಿ. ರಾಮನ್, ಈ ಗುಮ್ಮಟದ ಬಗೆಗೂ ಬರೆದಿದ್ದಾರೆ. ಸುಲ್ತಾನ ಮಹಮದ್ ಆದಿಲ್‌ಶಾಹ ಚಿರನಿದ್ರೆಯಲ್ಲಿ ಮಲಗಿರುವ ಜಾಗದ ನೆತ್ತಿಯ ಮೇಲಿನ ಪಿಸುಮಾತಿನ ಪಡಸಾಲೆಗೆ ಮೆಟ್ಟಿಲು ಹತ್ತಿ ಹೋದರೆ ಕೇಳುವುದು ಮಾತ್ರ ‘ಹೋಯ್’, ಶಿಳ್ಳೆ, ಶಾಲಾ ಪ್ರವಾಸದ ಮಕ್ಕಳು ಒಬ್ಬರನ್ನೊಬ್ಬರು ಕರೆಯುವ ಹೆಸರುಗಳು. ಒಂದೊಂದಕ್ಕೂ ಏಳೆಂಟು ಸಲ ಉತ್ತರ; ಮೊದಲನೆಯದು ಮುಗಿಯುವ ಮುಂಚೆಯೇ ಮುಂದಿನವನ ಸರದಿ. ಕಾವಲುಗಾರನ ಸೀಟಿಯೂ ಅದರಲ್ಲೇ ಸೇರಿ ಏಳೆಂಟು ಸಲ ಗದರಿಸುತ್ತದೆ. ಗುಮ್ಮಟದ ನಿಜವಾದ ದನಿ ಬೇಕಿದ್ದವರು ಬಾಗಿಲು ತೆರೆಯುವ ಹೊತ್ತಿಗೇ ಹೋಗಬೇಕು. ಮೈಕು, ಬಲೂನು ಒಯ್ಯುವುದಾದರೆ ಪುರಾತತ್ವ ಇಲಾಖೆಯ ಒಪ್ಪಿಗೆ ಪತ್ರವೂ ಜೊತೆಗಿರಲಿ. ಕೂಗಿಗೆ ಟಿಕೆಟ್ಟಷ್ಟೇ ಸಾಕು.