ಅತಿ ಹೆಚ್ಚು ಬಿಡ್ ಹಾಕಿದರೂ ಗಣಿ ಸಿಗದೇ ಇರಬಹುದಾ?

ಹರಾಜಿನಲ್ಲಿ ಎಲ್ಲರಿಗಿಂತ ಹೆಚ್ಚು ಬೆಲೆ ಕೂಗಿದ್ದಾಯ್ತು. ಆದ್ರೂ ಗಣಿ ಸಿಗಲಿಲ್ಲ. ಹೀಗಾಗಬಹುದಾ? ಆಗಿದೆ.

ಮೊದಲು ಹಿನ್ನೆಲೆ. 1993ರಿಂದ ಕಲ್ಲಿದ್ದಲು ಬ್ಲಾಕ್‌ಗಳನ್ನು ಹರಾಜಿಲ್ಲದೆ ಹಂಚಲಾಗ್ತಿತ್ತು. 2014ರಲ್ಲಿ ಸುಪ್ರೀಂ ಕೋರ್ಟ್ 204 ಬ್ಲಾಕ್‌ಗಳ ಹಂಚಿಕೆ ರದ್ದು ಮಾಡಿತು. 2015ರಲ್ಲಿ ಇ-ಹರಾಜು ಶುರುವಾಯ್ತು.

ಛತ್ತೀಸ್‌ಗಢದ ಗಾರೆ ಪಾಲ್ಮಾ 4/2 ಮತ್ತು 4/3 ಬ್ಲಾಕ್‌ಗಳಿಗೆ ಜಿಂದಾಲ್ ಪವರ್ ಕಂಪನಿ ಅತಿ ಹೆಚ್ಚು ಬಿಡ್ ಹಾಕಿತು. ಆದರೆ ಆ ಬೆಲೆಯನ್ನು ಕೇಂದ್ರ ಸರ್ಕಾರ ಒಪ್ಪಲಿಲ್ಲ. ಕಂಪನಿ ದೆಹಲಿ ಹೈಕೋರ್ಟ್ ಮೆಟ್ಟಿಲೇರಿತು.

ಇಂಥ ಕೇಸಲ್ಲಿ ಕೋರ್ಟ್ ಏನು ನೋಡುತ್ತೆ? ಸುಪ್ರೀಂ ಕೋರ್ಟ್‌ನ 1994ರ ಟಾಟಾ ಸೆಲ್ಯುಲರ್ ತೀರ್ಪು ದಾರಿ ತೋರಿಸುತ್ತೆ. ಟೆಂಡರ್ ಯಾರಿಗೆ ಕೊಡಬೇಕು ಅನ್ನೋದನ್ನು ಕೋರ್ಟ್ ತಾನೇ ತೀರ್ಮಾನಿಸಲ್ಲ. ತೀರ್ಮಾನ ತಗೊಂಡ ರೀತಿ ಸರಿಯಿತ್ತಾ, ಪಕ್ಷಪಾತ ಇತ್ತಾ, ಕಾನೂನು ಮುರಿದಿದ್ದಾರಾ ಅಂತ ಪರೀಕ್ಷಿಸುತ್ತೆ. ಅತಿ ಹೆಚ್ಚು ಬಿಡ್ ಹಾಕಿದ ಮಾತ್ರಕ್ಕೆ ಗಣಿ ಮೇಲೆ ಹಕ್ಕು ಬರಲ್ಲ. ಹಾಗಂತ ಸರ್ಕಾರ ಮನಸ್ಸಿಗೆ ಬಂದಂತೆ ತಿರಸ್ಕರಿಸುವಂತೆಯೂ ಇಲ್ಲ, ಕಾರಣ ಬೇಕು.

ಗಣಿ ರದ್ದಾಗೋದು, ಹರಾಜಾಗೋದು ಕರ್ನಾಟಕದ ನಮಗೆ ದೂರದ ಮಾತಲ್ಲ. 2013ರಲ್ಲಿ ಬಳ್ಳಾರಿ, ಚಿತ್ರದುರ್ಗ, ತುಮಕೂರು ಭಾಗದ 51 ಗಣಿ ಗುತ್ತಿಗೆಗಳನ್ನು ಸುಪ್ರೀಂ ಕೋರ್ಟ್ ರದ್ದು ಮಾಡಿತ್ತು.

ನಿಮ್ಮ ಜಿಲ್ಲೆಯಲ್ಲಿ ಗಣಿ ಹರಾಜಾದರೆ ಟೆಂಡರ್ ಷರತ್ತು ಓದಿ, ಪ್ರಶ್ನೆ ಕೇಳಿ. ಭೂಮಿಯೊಳಗಿನ ಸಂಪತ್ತಿನಲ್ಲಿ ನಿಮ್ಮ ಪಾಲೂ ಇದೆ.