ಕಾಲಯಂತ್ರಕ್ಕೆ ಚಾಲನೆ ಕೊಟ್ಟ ಲಖನೌ ಹುಡುಗ

1963ರ ನವೆಂಬರ್ 23, ಶನಿವಾರ. ಅಮೆರಿಕದ ಅಧ್ಯಕ್ಷ ಕೆನಡಿ ಹತ್ಯೆಯಾದ ಮರುದಿನ. ಊರೆಲ್ಲ ಅದೇ ಸುದ್ದಿಯಲ್ಲಿದ್ದ ಆ ಸಂಜೆ ಬಿಬಿಸಿಯಲ್ಲಿ, ಕಾಲಯಂತ್ರದಲ್ಲಿ ಸಂಚರಿಸುವ ‘ಡಾಕ್ಟರ್’ ಎಂಬ ಮುದುಕನ ಕಥೆ ‘ಡಾಕ್ಟರ್ ಹೂ’ ಧಾರಾವಾಹಿಯ ಮೊದಲ ಕಂತು ಪ್ರಸಾರವಾಯಿತು. ಮುಂದಿನ ವಾರ ಎರಡನೇ ಕಂತಿಗೆ ಮುಂಚೆ ಮೊದಲನೆಯದನ್ನೇ ಮತ್ತೊಮ್ಮೆ ತೋರಿಸಿದರು. ಇಂದಿಗೂ ಜಗತ್ತಿನಾದ್ಯಂತ ಅಭಿಮಾನಿಗಳಿರುವ ಈ ಧಾರಾವಾಹಿಯ ಮೊದಲ ನಿರ್ದೇಶಕ ವಾರಿಸ್ ಹುಸೇನ್. ಆಗ ಅವರಿಗೆ 24 ವರ್ಷ. ನಿರ್ಮಾಪಕಿ ವೆರಿಟಿ ಲ್ಯಾಂಬರ್ಟ್‌ಗೆ 27.

ಹುಸೇನ್ ಹುಟ್ಟಿದ್ದು 1938ರಲ್ಲಿ, ಲಖನೌದಲ್ಲಿ. ತಾಯಿ ಅತಿಯಾ ಹೊಸೇನ್ ಹೆಸರಾಂತ ಕಾದಂಬರಿಕಾರ್ತಿ. ಸ್ವಾತಂತ್ರ್ಯಕ್ಕೆ ಮುಂಚೆಯೇ ಇಂಗ್ಲೆಂಡ್ ಸೇರಿದ ಹುಡುಗ ಕೇಂಬ್ರಿಡ್ಜ್‌ನಲ್ಲಿ ಓದಿ, ನಾಟಕಗಳ ಗೀಳು ಹಚ್ಚಿಕೊಂಡು ಬಿಬಿಸಿಗೆ ಬಂದರು.

ಅಂದಿನ ಟಿ.ವಿ. ನಿರ್ದೇಶನ ಸಿನಿಮಾದಂತಲ್ಲ. ಲಂಡನ್ನಿನ ಲೈಮ್ ಗ್ರೋವ್‌ನ ‘ಡಿ’ ಸ್ಟುಡಿಯೋ ಇಕ್ಕಟ್ಟಾದ ಹಳೆಯ ಜಾಗ. ದೀಪಗಳ ಝಳ ಬೇರೆ. ಟೇಪ್ ದುಬಾರಿ, ಅದನ್ನು ಕತ್ತರಿಸಿ ಜೋಡಿಸುವುದು ಇನ್ನೂ ತಾಪತ್ರಯ. ಹಾಗಾಗಿ 25 ನಿಮಿಷದ ಕಂತನ್ನು ಆದಷ್ಟೂ ನಿಲ್ಲಿಸದೆ, ರಂಗದ ಮೇಲಿನ ನಾಟಕದಂತೆಯೇ ಚಿತ್ರೀಕರಿಸುತ್ತಿದ್ದರು. ಹಲವು ಕ್ಯಾಮೆರಾಗಳು ಒಟ್ಟಿಗೆ ಓಡಾಡುತ್ತಿದ್ದವು. ನಿರ್ದೇಶಕ ಕೂರುತ್ತಿದ್ದದ್ದು ನಟರ ಎದುರಲ್ಲ, ನಿಯಂತ್ರಣ ಕೊಠಡಿಯ ಮಾನಿಟರ್‌ಗಳ ಮುಂದೆ. ಯಾವ ಮಾತಿಗೆ ಯಾವ ಕ್ಯಾಮೆರಾ, ಯಾವಾಗ ಹತ್ತಿರ, ಯಾವಾಗ ದೂರ ಎಂಬುದೆಲ್ಲ ಮೊದಲೇ ಕಾಗದದ ಮೇಲೆ ತೀರ್ಮಾನವಾಗಿರಬೇಕಿತ್ತು. ಆಮೇಲೆ ಎಡಿಟಿಂಗ್‌ನಲ್ಲಿ ಸರಿಮಾಡಿಕೊಳ್ಳೋಣ ಎನ್ನುವಂತಿರಲಿಲ್ಲ.

ಅಷ್ಟು ಚಿಕ್ಕ ಜಾಗದಲ್ಲೇ 1964ರಲ್ಲಿ ‘ಡಾಕ್ಟರ್ ಹೂ’ನ ‘ಮಾರ್ಕೋ ಪೋಲೋ’ ಸರಣಿಗಾಗಿ ಮರಳುಗಾಡು, ಕುಬ್ಲಾ ಖಾನನ ಆಸ್ಥಾನ ಎಲ್ಲ ಎದ್ದು ನಿಂತವು. ಏಳು ಕಂತುಗಳಲ್ಲಿ ಆರನ್ನು ಹುಸೇನ್ ನಿರ್ದೇಶಿಸಿದರು.

ಮರುವರ್ಷ ಇ.ಎಂ. ಫಾರ್ಸ್ಟರ್ ಅವರ ಕಾದಂಬರಿ ‘ಎ ಪ್ಯಾಸೇಜ್ ಟು ಇಂಡಿಯಾ’ ಹುಸೇನ್ ನಿರ್ದೇಶನದಲ್ಲಿ ಬಿಬಿಸಿಗೆ ಬಂತು. ಡೇವಿಡ್ ಲೀನ್ ಸಿನಿಮಾಕ್ಕೂ ಸುಮಾರು ಎರಡು ದಶಕ ಮೊದಲಿನ ಈ ಟಿ.ವಿ. ನಾಟಕಕ್ಕೆ ಆಧಾರ ಶಾಂತಾ ರಾಮರಾವ್ ಅವರ ರಂಗರೂಪ. ಶಾಂತಾ ನಮ್ಮ ಮಂಗಳೂರು ಮೂಲದ, ರಿಸರ್ವ್ ಬ್ಯಾಂಕ್ ಗವರ್ನರ್ ಆಗಿದ್ದ ಬೆನೆಗಲ್ ರಾಮರಾವ್ ಅವರ ಮಗಳು. ಡಾ. ಅಜೀಜ್ ಪಾತ್ರದಲ್ಲಿ ಜಿಯಾ ಮೊಹಿಯುದ್ದೀನ್ ನಟಿಸಿದರು.

ಮುಂದೆ ಹುಸೇನ್ ಒಂದೇ ಬಗೆಗೆ ಅಂಟಿಕೊಳ್ಳಲಿಲ್ಲ. ಮತದಾನದ ಹಕ್ಕಿಗಾಗಿ ಹೋರಾಡಿದ ಮಹಿಳೆಯರ ಕಥೆ ‘ಶೋಲ್ಡರ್ ಟು ಶೋಲ್ಡರ್’ನ (1974) ನಿರ್ದೇಶಕರಲ್ಲಿ ಅವರೂ ಒಬ್ಬರು. ಪ್ರೀತಿಸಿದವಳಿಗಾಗಿ ಸಿಂಹಾಸನ ಬಿಟ್ಟ ದೊರೆಯ ಕುರಿತ ‘ಎಡ್ವರ್ಡ್ ಅಂಡ್ ಮಿಸೆಸ್ ಸಿಂಪ್ಸನ್’ (1978) ಬಾಫ್ಟಾ ಪ್ರಶಸ್ತಿ ಗಳಿಸಿತು. 1987ರ ‘ಇಂಟಿಮೇಟ್ ಕಾಂಟ್ಯಾಕ್ಟ್’ ಏಡ್ಸ್ ಹೊಕ್ಕ ಒಂದು ಸ್ಥಿತಿವಂತ ಕುಟುಂಬದ ಕಥೆ. ಆ ರೋಗದ ಹೆಸರೆತ್ತಲೂ ಜನ ಅಂಜುತ್ತಿದ್ದ ಕಾಲವದು.

ಇಷ್ಟೆಲ್ಲ ಮಾಡಿದವರ ಕೆಲಸ ಪೂರ್ತಿ ನೋಡಲು ಸಿಗುವುದಿಲ್ಲ. ಬಿಬಿಸಿ ಹಳೆಯ ಟೇಪ್‌ಗಳನ್ನು ಅಳಿಸಿ ಮರುಬಳಕೆ ಮಾಡುತ್ತಿತ್ತು. ‘ಮಾರ್ಕೋ ಪೋಲೋ’ದ ಧ್ವನಿ ಮತ್ತು ಫೋಟೋಗಳಷ್ಟೇ ಉಳಿದಿವೆ. ಆದರೆ ‘ಡಾಕ್ಟರ್ ಹೂ’ ಪೈಲಟ್ ಕಂತು ಉಳಿದಿದೆ. ನಾಟಕ ವಿಭಾಗದ ಮುಖ್ಯಸ್ಥ ಸಿಡ್ನಿ ನ್ಯೂಮನ್ ಇದು ಆಗದು ಎಂದು ಹಿಂದಿರುಗಿಸಿ, ಮತ್ತೆ ಚಿತ್ರೀಕರಿಸಲು ಹೇಳಿದ ಕಂತದು. ಅದನ್ನೂ ಪ್ರಸಾರವಾದ ಕಂತನ್ನೂ ಒಂದರ ಹಿಂದೊಂದು ನೋಡಬೇಕು. ಕಥೆ ಅದೇ, ಮುಖ್ಯ ನಟರು ಅವರೇ. ಮೊದಲನೆಯದರಲ್ಲಿ ಡಾಕ್ಟರ್ ಬರೀ ಸಿಡುಕ. ಕಾಲಯಂತ್ರದ ಬಾಗಿಲು ಮುಚ್ಚಲು ಸತಾಯಿಸುತ್ತದೆ. ಎರಡನೆಯದರಲ್ಲಿ ಬಾಗಿಲು ಸರಿಯಾಗಿದೆ, ಮುದುಕನ ಸಿಡುಕಿನಲ್ಲಿ ತುಂಟತನ ಸೇರಿದೆ. ನಿರ್ದೇಶಕ ಏನು ಮಾಡುತ್ತಾನೆ ಎಂದು ಕೇಳುವವರಿಗೆ ಇದಕ್ಕಿಂತ ಒಳ್ಳೆಯ ಪಾಠ ಸಿಗುವುದು ಕಷ್ಟ.